ಕದಳಿಯ ಏಕಾಂತ

ಸಂಸಾರದ ಜಂಜಾಟದಲ್ಲಿ ಬಳಲಿದ ಗೃಹಸ್ಥನ ಬಾಯಿಂದ ಆಗಾಗ ಹೊರಡುವ ಮಾತೊಂದುಂಟು. ಎಲ್ಲವನ್ನೂ ಬಿಟ್ಟು ಯಾವುದಾದರೂ ಕಾಡಿಗೋ ಬೆಟ್ಟಕ್ಕೋ ಹೋಗಿಬಿಡಬೇಕು, ಅಲ್ಲಿಯಾದರೂ ಮನಸ್ಸಿಗೆ ಶಾಂತಿ ದೊರೆತೀತು ಎಂಬುದೇ ಆ ಮಾತು. ಬೇಸತ್ತ ಗಳಿಗೆಯಲ್ಲಿ ಹಾಗೆನ್ನಿಸುವುದು ಸಹಜ. ಆದರೆ ಅದರ ಹಿಂದೆ ಒಂದು ನಂಬಿಕೆ ಅಡಗಿರುವುದು. ಶಾಂತಿಯೆಂಬುದು ಅಡವಿಯ ಮರದಲ್ಲಿ ಹಣ್ಣಾಗಿ ತೂಗುತ್ತಿದೆ, ಹೋದವನು ಕೈನೀಡಿ ಕಿತ್ತುಕೊಂಡರೆ ಸಾಕು ಎಂಬ ನಂಬಿಕೆಯದು. ಅಕ್ಕಮಹಾದೇವಿಯು ಕದಳಿಯ ವನಕ್ಕೆ ಹೋದಳಲ್ಲವೇ, ಅಲ್ಲಮಪ್ರಭುದೇವರು ಅಡವಿಯಲ್ಲಿ ಅಲೆದರಲ್ಲವೇ ಎಂದು ಅದಕ್ಕೆ ಪ್ರಮಾಣವನ್ನೂ ಕೊಡುವುದುಂಟು. ನಿರ್ಜನವಾದ ವಿಸ್ತಾರದಲ್ಲಿ ಒಬ್ಬನೇ ಇರುವವನ ಮನಸ್ಸಿಗೆ ನಿಜವಾಗಿ ಏನಾಗುವುದು, ಆ ಹಿನ್ನೆಲೆಯಲ್ಲಿ ಅಕ್ಕನ ಕದಳಿಯ ಯಾತ್ರೆಯನ್ನು ಹೇಗೆ ತಿಳಿಯಬೇಕು ಎಂಬುದು ಇಲ್ಲಿಯ ವಿಚಾರ.

ಕನ್ನಡದಲ್ಲಿ ಒಂಟಿತನ ಮತ್ತು ಏಕಾಂತ ಎಂಬ ಎರಡು ಪದಗಳಿರುವುದು ಭಾಷೆಯ ಭಾಗ್ಯ. ಹೊರಗಿನಿಂದ ನೋಡಿದವರಿಗೆ ಎರಡೂ ಒಂದೇ. ಒಬ್ಬ ವ್ಯಕ್ತಿ, ಸುತ್ತಲೂ ಯಾರೂ ಇಲ್ಲ. ಒಳಗಿನಿಂದ ನೋಡಿದರೆ ಒಂಟಿತನದಲ್ಲಿ ಏನೋ ಕಳೆದುಹೋಗಿರುವುದು, ಏಕಾಂತದಲ್ಲಿ ಏನೋ ಜೊತೆಗಿರುವುದು. ಕಾಡು ಈ ಎರಡರಲ್ಲಿ ಯಾವುದನ್ನೂ ಕೊಡುವುದಿಲ್ಲ. ಅದು ಕೇವಲ ತೆಗೆದುಹಾಕುವುದು. ಮಾತು, ಮುಖ, ಗಡಿಯಾರ, ಹೊಗಳಿಕೆ, ತೆಗಳಿಕೆ, ಇವೆಲ್ಲ ಮನಸ್ಸಿಗೆ ದಿನವೂ ಊರುಗೋಲಾಗಿರುವುವು. ಇವನ್ನು ಒಂದೊಂದಾಗಿ ಕಿತ್ತುಕೊಂಡ ಮೇಲೆ ಉಳಿಯುವುದು, ಹೋದವನು ತನ್ನೊಡನೆ ಏನನ್ನು ಒಯ್ದಿದ್ದನೋ ಅಷ್ಟೇ.

ಈ ಸಂಗತಿಯನ್ನು ಚೆನ್ನಾಗಿ ಅರಿತಿರುವ ಒಂದು ಸಂಸ್ಥೆ ಬೆಂಗಳೂರಿನ ಪೂರ್ವಭಾಗದಲ್ಲಿಯೇ ಇರುವುದು. ಹಲಸೂರನ್ನೂ ಇಂದಿರಾನಗರವನ್ನೂ ದಾಟಿ ಹಳೆಯ ವಿಮಾನ ನಿಲ್ದಾಣದ ರಸ್ತೆಯಲ್ಲಿ ಮುಂದೆ ಹೋದರೆ ವಿಮಾನಪುರ. ಅಲ್ಲಿ ವಾಯುಪಡೆಯ ಏರೋಸ್ಪೇಸ್ ಮೆಡಿಸಿನ್ ಸಂಸ್ಥೆಯಿದೆ. 1957ರಲ್ಲಿ ಬೆಂಗಳೂರಿನಲ್ಲಿ ಆರಂಭವಾದ ಈ ಸಂಸ್ಥೆಯಲ್ಲಿ ಆಕಾಶದಲ್ಲಿ ಹಾರುವವರ ದೇಹವನ್ನೂ ಮನಸ್ಸನ್ನೂ ಪರೀಕ್ಷಿಸುವರು. ಗಗನಯಾನಕ್ಕಾಗಿ ಪೈಲಟ್ಟುಗಳನ್ನು ಆರಿಸುವ ಮೊದಲ ಪರೀಕ್ಷೆಗಳು 2019ರಲ್ಲಿ ನಡೆದುದು ಇಲ್ಲಿಯೇ. ಅದಕ್ಕೂ ಬಹಳ ಮೊದಲು, ಭಾರತದಿಂದ ಬಾಹ್ಯಾಕಾಶಕ್ಕೆ ಹೋದ ಮೊದಲಿಗರಾದ ರಾಕೇಶ್ ಶರ್ಮಾ ಅವರನ್ನು ರಷ್ಯಾಕ್ಕೆ ಕಳುಹಿಸುವ ಮುನ್ನ ಬೆಂಗಳೂರಿನ ವಾಯುಪಡೆಯ ಕೇಂದ್ರವೊಂದರಲ್ಲಿ 72 ಗಂಟೆಗಳ ಕಾಲ ಒಂದು ಕೋಣೆಯಲ್ಲಿ ಕೂಡಿಹಾಕಿದ್ದರು. ಮುಚ್ಚಿದ ಜಾಗದ ಭಯವೇನಾದರೂ ಒಳಗೆ ಹುದುಗಿದೆಯೇ ಎಂಬುದನ್ನು ನೋಡುವುದೇ ಅದರ ಉದ್ದೇಶ. 1984ರ ಏಪ್ರಿಲ್ 3ರಂದು ಅವರು ಸೋಯುಜ್ ನೌಕೆಯಲ್ಲಿ ಹೊರಟು ಸಲ್ಯೂಟ್ 7 ನಿಲ್ದಾಣವನ್ನು ಸೇರಿದರು. ಅಲ್ಲಿ ಅವರೂ ಸೇರಿ ಆರು ಜನರಿದ್ದರು. ಇದ್ದುದು ಸುಮಾರು ಎಂಟು ದಿನ. ಆರು ಜನರೊಡನೆ ಎಂಟು ದಿನ ಇರಲು ಹೋಗುವವನನ್ನು ಮೂರು ದಿನ ಒಬ್ಬನನ್ನೇ ಕೂರಿಸಿ ನೋಡಿದರೆಂಬುದು ಮನನೀಯವಾದ ವಿಷಯ. ಹೊರಗಿನ ಶೂನ್ಯಕ್ಕೆ ಕಳುಹಿಸುವ ಮೊದಲು ಒಳಗೆ ಏನಿದೆ ಎಂಬುದನ್ನು ತಿಳಿಯಬೇಕಾಗಿತ್ತು.

ಮೂರು ದಿನವೆಂದರೆ ಮಹಾ ಏನು ಎಂದು ತೋರಬಹುದು. ಕೆನಡಾ ದೇಶದ ಮೆಕ್‌ಗಿಲ್ ವಿಶ್ವವಿದ್ಯಾಲಯದಲ್ಲಿ ಡೊನಾಲ್ಡ್ ಹೆಬ್ ಎಂಬ ಮನಶ್ಶಾಸ್ತ್ರಜ್ಞನೂ ಅವನ ಸಹೋದ್ಯೋಗಿಗಳೂ 1950ರ ದಶಕದ ಆರಂಭದಲ್ಲಿ ಒಂದು ಪ್ರಯೋಗ ಮಾಡಿದರು. ವಿದ್ಯಾರ್ಥಿಗಳಿಗೆ ದಿನಕ್ಕೆ 20 ಡಾಲರು ಕೊಟ್ಟು ಹಾಸಿಗೆಯ ಮೇಲೆ ಸುಮ್ಮನೆ ಮಲಗಿರಲು ಹೇಳಿದರು. ಕಣ್ಣಿಗೆ ಮಸುಕು ಬೆಳಕು ಮಾತ್ರ ಒಳಬಿಡುವ ಕನ್ನಡಕ, ಕೈಗಳಿಗೆ ಕೈಚೀಲ, ಕಿವಿಗೆ ಒಂದೇ ಸಮನಾದ ಗುಂಯ್‌ಗುಡುವ ಸದ್ದು. ಕೆಲಸವಿಲ್ಲದೆ ಸಿಗುವ ಕೂಲಿ! ಆದರೂ ಎರಡು ಮೂರು ದಿನಗಳನ್ನು ದಾಟಿದವರು ವಿರಳ. ಮೊದಲು ಅವರ ಆಲೋಚನೆ ಚದರಿತು. ಬಳಿಕ ಕಣ್ಣೆದುರು ಚುಕ್ಕೆಗಳು, ಗೆರೆಗಳು, ಕಡೆಗೆ ಪೂರ್ಣ ದೃಶ್ಯಗಳೇ ಕಾಣತೊಡಗಿದವು. ಹೆಗಲ ಮೇಲೆ ಚೀಲ ಹೊತ್ತ ಅಳಿಲುಗಳು ಸಾಲಾಗಿ ನಡೆದುಹೋದುದನ್ನು ಒಬ್ಬನು ಕಂಡನು. ಇನ್ನೂ ಇತ್ತೀಚಿನ ಪ್ರಯೋಗವೊಂದು 2014ರಲ್ಲಿ ಅಮೆರಿಕೆಯಲ್ಲಿ ಪ್ರಕಟವಾಯಿತು. ಖಾಲಿ ಕೋಣೆಯಲ್ಲಿ ಕೇವಲ ಹದಿನೈದು ನಿಮಿಷ ತನ್ನ ಆಲೋಚನೆಯೊಡನೆ ಇರಬೇಕು. ಬೇಸರವಾದರೆ ಗುಂಡಿಯೊತ್ತಿ ತನಗೆ ತಾನೇ ವಿದ್ಯುತ್ತಿನ ಸಣ್ಣ ಆಘಾತ ಕೊಟ್ಟುಕೊಳ್ಳಬಹುದು. 18 ಮಂದಿ ಗಂಡಸರಲ್ಲಿ 12 ಮಂದಿ, 24 ಮಂದಿ ಹೆಂಗಸರಲ್ಲಿ 6 ಮಂದಿ ಗುಂಡಿಯೊತ್ತಿದರು. ಆ ಆಘಾತವನ್ನು ತಪ್ಪಿಸಿಕೊಳ್ಳಲು ದುಡ್ಡು ಕೊಟ್ಟೇವೆಂದು ಮೊದಲು ಹೇಳಿದ್ದವರೇ ಇವರೆಲ್ಲರೂ. ಮನಸ್ಸು ಮರ್ಕಟವೆಂದು ಹಿರಿಯರು ಹೇಳಿದುದನ್ನು ಅಳೆದು ತೂಗಿ ತೋರಿಸಿದಂತಾಯಿತು.

ಹೀಗೇಕಾಗುವುದು? ಮಿದುಳು ಹೊರಗಿನಿಂದ ಬಂದುದನ್ನು ಸುಮ್ಮನೆ ಬರೆದುಕೊಳ್ಳುವ ಹಲಗೆಯಲ್ಲ. ಕಣ್ಣು ಕಿವಿಗಳು ತಂದುಕೊಡುವ ಅಲ್ಪ ಸೂಚನೆಗಳಿಂದ ಅದು ಸದಾ ಲೋಕವನ್ನು ಕಟ್ಟಿಕೊಳ್ಳುತ್ತಿರುವುದು, ಕಟ್ಟಿದುದು ಸರಿಯೇ ಎಂದು ಮತ್ತೆ ಹೊರಗಿನ ಸೂಚನೆಯೊಡನೆ ತಾಳೆ ನೋಡುತ್ತಿರುವುದು. ಹೊರಗಿನ ಸೂಚನೆ ನಿಂತುಹೋದರೆ ಕಟ್ಟುವ ಕೆಲಸ ನಿಲ್ಲುವುದಿಲ್ಲ; ತಾಳೆ ನೋಡುವ ಕೆಲಸ ಮಾತ್ರ ನಿಲ್ಲುವುದು. ಆಗ ಒಳಗಿನ ನೆನಪು, ಬಯಕೆ, ಭಯಗಳೇ ಹೊರಗಿನ ವಸ್ತುಗಳಂತೆ ನಿಂತು ಕಾಣುವುವು. ಮಂಜಿನ ಬಯಲಿನಲ್ಲಿ, ಮರುಭೂಮಿಯಲ್ಲಿ, ನಡುಗಡಲಿನಲ್ಲಿ ದೃಶ್ಯವು ಗಂಟೆಗಟ್ಟಲೆ ಬದಲಾಗದಿರುವಾಗಲೂ ಇದೇ ರೀತಿ. ವಿಸ್ತಾರವು ಎಷ್ಟೇ ದೊಡ್ಡದಾಗಿದ್ದರೂ ಅದರಲ್ಲಿ ವೈವಿಧ್ಯವಿಲ್ಲದಿದ್ದರೆ ಮನಸ್ಸಿಗೆ ಅದು ಮುಚ್ಚಿದ ಕೋಣೆಯೇ ಸರಿ.

ಕಾಲದ ಅರಿವೂ ಹೀಗೆಯೇ ಜಾರುವುದು. ಫ್ರಾನ್ಸ್ ದೇಶದ ಮಿಶೆಲ್ ಸಿಫ್ರ್ ಎಂಬ ತರುಣ ಭೂವಿಜ್ಞಾನಿಯು 1962ರಲ್ಲಿ ಆಲ್ಪ್ಸ್ ಪರ್ವತದ ಆಳವಾದ ಗವಿಯೊಂದರಲ್ಲಿ ಗಡಿಯಾರವಿಲ್ಲದೆ ಎರಡು ತಿಂಗಳು ಒಬ್ಬನೇ ಇದ್ದನು. ಸೆಪ್ಟೆಂಬರ್ 14ರಂದು ಅವನನ್ನು ಹೊರಕ್ಕೆ ಕರೆದಾಗ ಅವನ ಲೆಕ್ಕದಲ್ಲಿ ಅದಿನ್ನೂ ಆಗಸ್ಟ್ 20. ಇಪ್ಪತ್ತೈದು ದಿನಗಳು ಎಲ್ಲಿಯೋ ಕಳೆದುಹೋಗಿದ್ದವು. ಗವಿಯೊಳಗಿಂದ ದೂರವಾಣಿಯಲ್ಲಿ ಒಂದರಿಂದ ನೂರಿಪ್ಪತ್ತರವರೆಗೆ ಸೆಕೆಂಡಿಗೊಂದರಂತೆ ಎಣಿಸಲು ಹೇಳಿದರೆ, ಅವನು ಎರಡು ನಿಮಿಷವೆಂದು ಎಣಿಸಿದುದು ಹೊರಗಿನ ಗಡಿಯಾರದಲ್ಲಿ ಐದು ನಿಮಿಷವಾಗಿರುತ್ತಿತ್ತು. ಒಂದು ದಿನವನ್ನು ಇನ್ನೊಂದರಿಂದ ಬೇರ್ಪಡಿಸುವ ಘಟನೆಗಳಿಲ್ಲದಿದ್ದರೆ ನೆನಪಿನಲ್ಲಿ ದಿನಗಳು ಒಂದರೊಳಗೊಂದು ಬೆರೆತುಹೋಗುವುವು. ಹತ್ತು ವರುಷಗಳ ಮೇಲೆ, 1972ರಲ್ಲಿ, ಅದೇ ಸಿಫ್ರ್ ಅಮೆರಿಕೆಯ ಟೆಕ್ಸಾಸಿನ ಗವಿಯಲ್ಲಿ 205 ದಿನಗಳನ್ನು ಕಳೆದನು. ಈ ಬಾರಿ ಅವನ ಮನಸ್ಸು ಬಹಳ ಕುಗ್ಗಿತು. ಸಾಯುವ ಆಲೋಚನೆಯೂ ಬಂದಿತ್ತು. ಗವಿಯಲ್ಲಿ ಒಂದು ಇಲಿ ಓಡಾಡುವುದನ್ನು ಕಂಡು, ಅದನ್ನಾದರೂ ಜೊತೆಗಾರನನ್ನಾಗಿ ಮಾಡಿಕೊಳ್ಳಬೇಕೆಂದು ದಿನಗಟ್ಟಲೆ ಹೊಂಚುಹಾಕಿದನು. ಕಡೆಗೆ ಅದು ಆಹಾರದ ಬಳಿ ಬಂದಾಗ ಪಾತ್ರೆಯನ್ನು ಅದರ ಮೇಲೆ ಕವಿದನು. ಕೈ ತಪ್ಪಿತು. ಪಾತ್ರೆಯ ಅಂಚು ಇಲಿಗೆ ತಗುಲಿ ಅದು ಸತ್ತುಹೋಯಿತು. ಆ ಸಾವಿನಿಂದ ಅವನಿಗಾದ ಶೋಕವು ಬಂಧುವಿಯೋಗದ ಶೋಕಕ್ಕೆ ಕಡಿಮೆಯದಾಗಿರಲಿಲ್ಲ. ಪ್ರಯೋಗದ ಬೇರೆ ಅಂಕಿ ಅಂಶಗಳನ್ನು ಮರೆತರೂ ಈ ಇಲಿಯ ಕಥೆಯನ್ನು ಮರೆಯಲಾಗದು. ಜಂಗಮವಿಲ್ಲದ ಜಾಗದಲ್ಲಿ ಮನುಷ್ಯನು ಇಲಿಯನ್ನಾದರೂ ಹುಡುಕುವನು.

ದಕ್ಷಿಣ ಧ್ರುವಖಂಡದ ಹಿಮದಲ್ಲಿ 1934ರ ಚಳಿಗಾಲವನ್ನು ಒಬ್ಬನೇ ಕಳೆದ ಅಮೆರಿಕೆಯ ನೌಕಾಧಿಕಾರಿ ರಿಚರ್ಡ್ ಬೈರ್ಡನ ಅನುಭವ ಇನ್ನೂ ಬೋಧಪ್ರದವಾದುದು. ಹಿಮದಡಿಯಲ್ಲಿ ಹೂತ ಒಂದು ಪುಟ್ಟ ಗುಡಿಸಲು. ಸೂರ್ಯನೇ ಹುಟ್ಟದ ತಿಂಗಳುಗಳು. ಅತಿ ಸಮೀಪದ ಮನುಷ್ಯರು ನೂರಕ್ಕೂ ಹೆಚ್ಚು ಮೈಲಿ ದೂರ. ಅಲ್ಲಿ ಮೂವರಿರಬೇಕೆಂಬುದು ಮೊದಲಿನ ಯೋಜನೆ. ಅಷ್ಟು ಜನರಿಗೆ ಬೇಕಾದ ಸಾಮಗ್ರಿಯನ್ನು ಸಾಗಿಸಲಾಗದೆ ಹೋದಾಗ, ಇಬ್ಬರಿರುವುದಕ್ಕಿಂತ ಒಬ್ಬನಿರುವುದೇ ಮೇಲೆಂದು ಅವನು ನಿರ್ಧರಿಸಿದನು. ಇಬ್ಬರೇ ಇದ್ದರೆ ಒಬ್ಬರಿಗೊಬ್ಬರು ಸಹಿಸಲಾರದೆ ಹೋಗುವರೆಂಬುದು ಅವನ ವಾದ. ಸಂಸಾರಿಗಳು ಇದನ್ನು ಓದಿ ನಕ್ಕರೆ ತಪ್ಪಿಲ್ಲ. ಬೈರ್ಡನು ಪ್ರತಿಯೊಂದು ಕೆಲಸಕ್ಕೂ ಇಷ್ಟು ಹೊತ್ತೆಂದು ಕಟ್ಟುಹಾಕಿಕೊಂಡನು. ಸುರಂಗ ತೋಡುವುದಕ್ಕೆ ಒಂದು ಗಂಟೆ, ಮತ್ತೊಂದಕ್ಕೆ ಇನ್ನೊಂದು. ಹವೆಯ ಅಳತೆಗಳನ್ನು ತಪ್ಪದೆ ಬರೆದನು. ಹಿಮದ ಮೇಲೆ ಬಿದಿರು ಕಡ್ಡಿಗಳನ್ನು ನೆಟ್ಟು ಅವುಗಳ ಗುರುತಿನಲ್ಲಿ ತಿರುಗಾಡಿದನು. ಆರಂಭದಲ್ಲಿ ಅವನಿಗೆ ಅಪೂರ್ವವಾದ ಶಾಂತಿಯೂ ವಿಶ್ವದೊಡನೆ ಒಂದಾದ ಭಾವವೂ ಉಂಟಾದುವು. ಆದರೆ ಒಲೆಯಿಂದಲೂ ಯಂತ್ರದಿಂದಲೂ ಹೊರಟ ವಿಷದ ಅನಿಲವು ಗುಡಿಸಲಿನಲ್ಲಿ ತುಂಬಿ ಅವನು ಹಾಸಿಗೆ ಹಿಡಿದನು, ಹತಾಶೆ ಕವಿಯಿತು. ತನ್ನನ್ನು ಉಳಿಸಲು ಬರುವವರು ಕತ್ತಲಲ್ಲಿ ಪ್ರಾಣ ಕಳೆದುಕೊಂಡಾರೆಂದು ಕಾಯಿಲೆಯ ಸುದ್ದಿಯನ್ನು ಅವನು ಮುಚ್ಚಿಟ್ಟನು. ಅದನ್ನು ಪತ್ತೆ ಮಾಡಿದವರು ದೂರದ ಕೇಂದ್ರದಲ್ಲಿದ್ದ ಸಂಗಡಿಗರು. ತಂತಿಯ ಸಂಕೇತಗಳಲ್ಲಿ ಅವನ ಕೈ ತಡವರಿಸುತ್ತಿರುವುದನ್ನು ಅವರು ಗಮನಿಸಿದರು. ಆಗಸ್ಟ್ ತಿಂಗಳಲ್ಲಿ ಮೂವರು ಬಂದು ಅವನನ್ನು ಕಂಡರು.

ಒಬ್ಬಂಟಿಯ ಮನಸ್ಸಿಗೆ ತನ್ನ ಸ್ಥಿತಿಯನ್ನು ಅಳೆಯುವ ಅಳತೆಗೋಲು ಇರುವುದಿಲ್ಲವೆಂಬುದೇ ಇಲ್ಲಿಯ ಮುಖ್ಯ ವಿಷಯ. ಆ ಅಳತೆಗೋಲು ಮತ್ತೊಬ್ಬರ ಬಳಿ ಇರುವುದು. ಶರಣರು ಸಂಗಕ್ಕೆ ಕೊಟ್ಟ ಮಹತ್ತ್ವವನ್ನು ಕೇವಲ ಭಕ್ತಿಯ ಸಡಗರವೆಂದು ತಿಳಿಯುವವರು ಇದನ್ನು ಯೋಚಿಸಬೇಕು.

ಜೊತೆಯಿಲ್ಲದಲ್ಲಿ ಮನಸ್ಸು ಜೊತೆಯನ್ನು ತಾನೇ ಹೆಣೆದುಕೊಳ್ಳುವುದೂ ಉಂಟು. 1916ರಲ್ಲಿ ಶ್ಯಾಕಲ್ಟನ್ ಮತ್ತು ಅವನ ಇಬ್ಬರು ಸಂಗಡಿಗರು ದಕ್ಷಿಣ ಜಾರ್ಜಿಯಾ ದ್ವೀಪದ ಹಿಮಪರ್ವತಗಳನ್ನು ಸುಮಾರು ಮೂವತ್ತಾರು ಗಂಟೆಗಳಲ್ಲಿ ನಿದ್ರೆಯಿಲ್ಲದೆ ದಾಟಿದರು. ಇದ್ದವರು ಮೂವರು, ನಾಲ್ಕನೆಯವನೊಬ್ಬನು ಜೊತೆಯಲ್ಲಿ ನಡೆಯುತ್ತಿರುವಂತೆ ಅವರಿಗೆ ಭಾಸವಾಯಿತು. 1933ರಲ್ಲಿ ಎವರೆಸ್ಟಿನ ಮೇಲೆ ಒಬ್ಬನೇ ಏರುತ್ತಿದ್ದ ಫ್ರಾಂಕ್ ಸ್ಮೈತ್ ತನ್ನ ತಿಂಡಿಯನ್ನು ಮುರಿದು ಅರ್ಧವನ್ನು ಪಕ್ಕದಲ್ಲಿಲ್ಲದ ಗೆಳೆಯನಿಗೆ ನೀಡಲು ತಿರುಗಿದನು. ದಣಿವು, ಪ್ರಾಣವಾಯುವಿನ ಕೊರತೆ, ಒಂದೇ ಬಗೆಯ ಬಿಳಿಯ ವಿಸ್ತಾರ, ಇವೆಲ್ಲ ಸೇರಿದ ಫಲವೆಂದು ವೈದ್ಯರು ಹೇಳುವರು. ಅನುಭವಿಸಿದವರಿಗೆ ಅದರಿಂದ ಧೈರ್ಯವೇ ಬಂದಿತೆಂಬುದನ್ನೂ ಮರೆಯಬಾರದು. ಆದರೆ ಇಂತಹ ಭಾಸವನ್ನು ಸಾಕ್ಷಾತ್ಕಾರವೆಂದು ಕೂಡಲೇ ಹೆಸರಿಡುವುದು ಸಾಧಕನಿಗೆ ಕ್ಷೇಮಕರವಲ್ಲ.

ಈ ಹಿನ್ನೆಲೆಯಲ್ಲಿ ಅಕ್ಕಮಹಾದೇವಿಯ ಯಾತ್ರೆಯ ಕ್ರಮವನ್ನು ನೋಡಬೇಕು. ಶಿವಮೊಗ್ಗದ ಸೀಮೆಯ ಉಡುತಡಿಯಿಂದ ಹೊರಟ ಆಕೆ ನೇರವಾಗಿ ಕಾಡಿಗೆ ಹೋಗಲಿಲ್ಲ. ಶೂನ್ಯಸಂಪಾದನೆಯ ಪರಂಪರೆಯು ಹೇಳುವಂತೆ ಆಕೆ ಮೊದಲು ಬಂದುದು ಕಲ್ಯಾಣಕ್ಕೆ, ಜನನಿಬಿಡವಾದ ಪಟ್ಟಣಕ್ಕೆ, ಶರಣರ ಗೋಷ್ಠಿಗೆ. ಅಲ್ಲಿ ಪ್ರಭುದೇವರು ಆಕೆಯನ್ನು ಒಡನೆಯೇ ಬರಮಾಡಿಕೊಳ್ಳದೆ ಕಠಿಣವಾದ ಪ್ರಶ್ನೆಗಳಿಂದ ಪರೀಕ್ಷಿಸಿದರು. ಪತಿ ಯಾರು, ಉಡುಗೆಯನ್ನು ತೊರೆದವಳು ಕೂದಲಿನ ಮರೆಯನ್ನೇಕೆ ಇಟ್ಟುಕೊಂಡಿರುವೆ ಎಂಬಂತಹ ಪ್ರಶ್ನೆಗಳು. ಕೇಳುವವರಿಗೆ ಇವು ನಿರ್ದಯವೆನಿಸಬಹುದು. ಆದರೆ ಹಿಂದಿರುಗಲಾರದ ಹಾದಿಯಲ್ಲಿ ನಡೆಯುವವಳ ಮನಸ್ಸಿನಲ್ಲಿ ಗಾಯವೊಂದು ಉಳಿದಿದೆಯೇ, ಲೋಕದ ಮೇಲಿನ ಕೋಪದಿಂದ ಲೋಕವನ್ನು ಬಿಟ್ಟಿರುವಳೇ, ಅಥವಾ ಒಲವಿನಿಂದ ಹೊರಟಿರುವಳೇ ಎಂದು ಅರಿಯುವ ಬಗೆ ಬೇರೆ ಯಾವುದು? ವಿಮಾನಪುರದ ವೈದ್ಯರು ಮಾಡುವ ಕೆಲಸಕ್ಕೂ ಇದಕ್ಕೂ ಉಪಕರಣಗಳು ಬೇರೆ, ಮುನ್ನೆಚ್ಚರಿಕೆ ಒಂದೇ. ಸಭೆಯು ಆಕೆಯನ್ನು ಅಕ್ಕನೆಂದು ಒಪ್ಪಿದ ಮೇಲೆಯೇ ಆಕೆ ಶ್ರೀಶೈಲದ ಕಡೆಗೆ ಹೊರಟುದು.

ಪ್ರಭುದೇವರಿಗೆ ಹೀಗೆ ಕೇಳುವ ಅಧಿಕಾರವಿದ್ದುದೂ ಅನುಭವದಿಂದಲೇ. ಹರಿಹರನ ರಗಳೆಯು ಹೇಳುವಂತೆ, ಕಮಲತೆಯನ್ನು ಕಳೆದುಕೊಂಡ ದುಃಖದಲ್ಲಿ ಅಲ್ಲಮನು ವನದಲ್ಲಿ ಮರುಳನಂತೆ ಅಲೆದವನು. ಕಾಡು ಅವನ ದುಃಖವನ್ನು ಕಳೆಯಲಿಲ್ಲ. ಕಾಲ ಬೆರಳಿನಿಂದ ನೆಲ ಕೆದಕುತ್ತ ಕುಳಿತವನಿಗೆ ಹೂತುಹೋದ ಗುಡಿಯ ಕಳಸ ಗೋಚರಿಸಿ, ಒಳಗೆ ಅನಿಮಿಷನ ದರ್ಶನವಾಗಿ, ಲಿಂಗವು ಕೈಗೆ ಬಂದಾಗಲೇ ಆ ಅಲೆದಾಟ ನಿಂತಿತು. ಶೋಕವನ್ನು ಹೊತ್ತು ಕಾಡಿಗೆ ಹೋದವನಿಗೆ ಕಾಡೆಲ್ಲ ಶೋಕವೇ ಆಗುವುದೆಂಬ ಸತ್ಯವನ್ನು ರಗಳೆಯ ಕವಿ ಎಂಟುನೂರು ವರುಷಗಳ ಹಿಂದೆಯೇ ಕಂಡಿದ್ದನು.

ಇನ್ನು ಕದಳಿ. ನಲ್ಲಮಲೆಯ ಅರಣ್ಯದ ನಡುವೆ ಕೃಷ್ಣಾನದಿಯು ಕಮರಿಯಾಗಿ ಹರಿಯುವೆಡೆಯಲ್ಲಿ, ಬಂಡೆಗಳು ಸಹಜವಾಗಿ ಕಮಾನಿನಂತೆ ಚಾಚಿ ನಿಂತಿರುವ ಗವಿಗಳಿರುವುವು. ಇಂದು ಶ್ರೀಶೈಲದ ಜಲಾಶಯದಲ್ಲಿ ದೋಣಿಯೇರಿ ಅಲ್ಲಿಗೆ ಹೋಗುವರು. ಸುತ್ತಲಿನ ಅಡವಿಯು ದೇಶದ ಅತಿ ದೊಡ್ಡ ಹುಲಿ ಸಂರಕ್ಷಣಾ ಪ್ರದೇಶಗಳಲ್ಲಿ ಸೇರಿರುವುದು. ಹನ್ನೆರಡನೆಯ ಶತಮಾನದಲ್ಲಿ ಒಬ್ಬಳೇ ನಡೆದು ಬಂದ ತರುಣಿಗೆ ಅದು ಎಂತಹ ವಿಸ್ತಾರವಾಗಿ ತೋರಿರಬೇಕೆಂಬುದನ್ನು ಊಹಿಸಬಹುದು. ಆದರೆ ಆ ಅಡವಿ ಆಗಲೂ ಬರಿದಾಗಿರಲಿಲ್ಲ. ಚೆಂಚು ಜನರು ಅಲ್ಲಿ ತಲೆತಲಾಂತರದಿಂದ ಬಾಳಿಕೊಂಡು ಬಂದಿರುವರು. ಮಲ್ಲಿಕಾರ್ಜುನನು ತಮ್ಮ ಕುಲದ ಹೆಣ್ಣನ್ನು ಮದುವೆಯಾದ ಅಳಿಯನೆಂದು ಅವರು ನಂಬುವರು. ಪಟ್ಟಣದಿಂದ ಬಂದವನಿಗೆ ಘೋರಾರಣ್ಯವಾದುದು ಚೆಂಚುವಿಗೆ ಬೀದಿ, ಅಂಗಳ, ಬಂಧುವಿನ ಮನೆ. ಯಾವ ಗೆಡ್ಡೆ ಎಲ್ಲಿ, ಜೇನು ಯಾವ ಬಂಡೆಯಲ್ಲಿ, ಹುಲಿ ಯಾವ ಹೊತ್ತಿನಲ್ಲಿ ನೀರಿಗಿಳಿಯುವುದು ಎಂಬುದನ್ನು ಬಲ್ಲವನಿಗೆ ಅದು ಶೂನ್ಯವಲ್ಲ. ಅಡವಿಯ ಭಯಕ್ಕೆ ಅಡವಿಗಿಂತ ಅಪರಿಚಯವೇ ಹೆಚ್ಚಿನ ಕಾರಣವೆಂದು ಇದರಿಂದ ತಿಳಿಯುವುದು.

ಅಕ್ಕನ ವಚನಗಳಲ್ಲಿ ಗಿಳಿ, ಕೋಗಿಲೆ, ದುಂಬಿ, ಹಂಸ, ನವಿಲುಗಳನ್ನು ಒಂದೊಂದಾಗಿ ಕರೆದು, ಚೆನ್ನಮಲ್ಲಿಕಾರ್ಜುನನನ್ನು ಕಂಡಿರಾ ಎಂದು ಕೇಳುವ ವಚನವು ಎಲ್ಲರಿಗೂ ಪರಿಚಿತವಾದುದು. ಅದನ್ನು ವಿರಹದ ಉನ್ಮಾದವೆಂದು ವ್ಯಾಖ್ಯಾನಿಸಿ ಮುಂದೆ ಹೋಗುವುದು ವಾಡಿಕೆ. ಸ್ವಲ್ಪ ನಿಂತು ನೋಡಿದರೆ ಬೇರೊಂದು ಸಂಗತಿ ಕಾಣುವುದು. ಆ ವಚನದಲ್ಲಿ ಅಕ್ಕನು ಕೇಳುವಳೇ ಹೊರತು, ಗಿಳಿಯಾಗಲಿ ಕೋಗಿಲೆಯಾಗಲಿ ಉತ್ತರ ಕೊಟ್ಟಿತೆಂದು ಆಕೆ ಎಲ್ಲಿಯೂ ಹೇಳುವುದಿಲ್ಲ. ಒಂಟಿತನದಿಂದ ಕೆಟ್ಟ ಮನಸ್ಸಿಗೆ ಉತ್ತರಗಳು ಕೇಳಿಸುವುವು; ಇಲ್ಲಿ ಉತ್ತರ ಬಾರದೆಂಬ ಅರಿವು ಕೆಟ್ಟಿಲ್ಲ, ಕೇಳುವ ಒಲವೂ ಬತ್ತಿಲ್ಲ. ಇಷ್ಟೂ ಅಲ್ಲದೆ, ಒಂದೊಂದು ಜೀವಿಯನ್ನೂ ಅದರದರ ಹೆಸರು ಹಿಡಿದು, ಅದರದರ ಇರವನ್ನು ಗುರುತಿಸಿ ಕರೆಯುವುದರಿಂದ ವನವು ಅಪರಿಚಿತ ವಿಸ್ತಾರವಾಗಿ ಉಳಿಯದೆ ನೆರೆಹೊರೆಯಾಯಿತು. ಚೆಂಚುಗಳು ಬಾಳಿನಿಂದ ಸಾಧಿಸಿದುದನ್ನು ಅಕ್ಕನು ಮಾತಿನಿಂದ ಸಾಧಿಸಿದಳು. ಸಿಫ್ರ್‌ಗೆ ಗವಿಯಲ್ಲಿ ದೊರೆತುದು ಒಂದೇ ಇಲಿ, ಅದನ್ನೂ ಅವನು ಹಿಡಿಯಹೋದನು. ಅಕ್ಕನು ಯಾವುದನ್ನೂ ಹಿಡಿಯಲು ಹೋಗಲಿಲ್ಲ.

ಆಕೆಯ ಮತ್ತೊಂದು ಪ್ರಸಿದ್ಧ ವಚನದಲ್ಲಿ ಅಂಜಬಾರದ ಎಡೆಗಳೆಂದು ಮೂರು ಬರುವುವು. ಬೆಟ್ಟ, ಸಮುದ್ರ, ಮತ್ತು ಸಂತೆ. ಮೊದಲೆರಡು ಸರಿ, ಮೂರನೆಯದು ಅಲ್ಲಿಗೆ ಹೇಗೆ ಬಂದಿತೆಂಬುದು ಓದುಗನು ಕೇಳಬೇಕಾದ ಪ್ರಶ್ನೆ. ಮೃಗಗಳಿರುವ ಬೆಟ್ಟಕ್ಕೂ ತೆರೆಗಳಿರುವ ಕಡಲಿಗೂ ಸಮನಾದ ಇನ್ನೊಂದು ಕಾಡೆಂದರೆ ಮನುಷ್ಯರು ಕೂಗಾಡುವ ಸಂತೆ ಎಂಬುದು ಆಕೆಯ ಎಣಿಕೆ. ಶಿವಾಜಿನಗರದಲ್ಲಿ ರಸೆಲ್ ಮಾರುಕಟ್ಟೆಯ ಎದುರಿಗೆ ಸಂಜೆ ಆರು ಗಂಟೆಗೆ ನಿಂತು ನೋಡಿದರೆ ಈ ಎಣಿಕೆ ಎಷ್ಟು ಸರಿಯೆಂಬುದು ಮನದಟ್ಟಾಗುವುದು. ಹಣ್ಣಿನವರ ಕೂಗು, ಬಸ್ಸುಗಳ ಸದ್ದು, ನಾಲ್ಕಾರು ಭಾಷೆಗಳ ಚೌಕಾಸಿ. ಸಾವಿರ ಜನರ ನಡುವೆ ಒಬ್ಬರಿಗೊಬ್ಬರು ಅಪರಿಚಿತರು. ಅಲ್ಲಿ ಸಮಾಧಾನವನ್ನು ಕಾಯ್ದುಕೊಳ್ಳಬಲ್ಲವನು ಕದಳಿಯಲ್ಲಿಯೂ ಕಾಯ್ದುಕೊಂಡಾನು. ಅಲ್ಲಿ ಸ್ತುತಿನಿಂದೆಗಳಿಂದ ಕಲಕಿಹೋಗುವವನು ಕಾಡಿಗೆ ಹೋದರೆ, ಆ ಸ್ತುತಿನಿಂದೆಗಳನ್ನೇ ನೆನೆನೆನೆದು ಕಲಕಿಹೋದಾನು.

ಆದುದರಿಂದಲೇ ಶರಣರು ಅರಣ್ಯವಾಸವನ್ನು ಎಲ್ಲರಿಗೂ ವಿಧಿಸಲಿಲ್ಲ. ಮೋಳಿಗೆಯ ಮಾರಯ್ಯನು ದಿನವೂ ಕಾಡಿಗೆ ಹೋಗುತ್ತಿದ್ದನು. ಆದರೆ ಅವನ ಕೈಯಲ್ಲಿ ಕೊಡಲಿಯಿತ್ತು, ತಲೆಯ ಮೇಲೆ ಸೌದೆಯ ಹೊರೆಯನ್ನು ಹೊತ್ತು ಹಿಂದಿರುಗುವ ಮನೆಯಿತ್ತು, ಸೌದೆಯನ್ನು ಕೊಳ್ಳುವ ಕಲ್ಯಾಣದ ಕೇರಿಯಿತ್ತು. ಕಾಶ್ಮೀರದ ಅರಸುತನವನ್ನೇ ಬಿಟ್ಟು ಬಂದವನೆಂದು ಪರಂಪರೆಯು ಹೇಳುವ ಆ ಶರಣನಿಗೆ ಕಾಡು ಕಾಯಕದ ನೆಲೆಯಾಯಿತು. ಇಷ್ಟಲಿಂಗದ ಪೂಜೆಯನ್ನು ಈ ದೃಷ್ಟಿಯಿಂದ ಪರಿಶೀಲಿಸಿದರೆ ಅದರ ಮನಶ್ಶಾಸ್ತ್ರೀಯ ಯುಕ್ತತೆಯೂ ತಿಳಿಯುವುದು. ಬೈರ್ಡನು ಹಿಮದಲ್ಲಿ ತಾನೇ ಕಟ್ಟಿಕೊಂಡ ದಿನಚರಿಯನ್ನು ಪೂಜೆಯ ವೇಳೆಯು ಮೊದಲೇ ಕಟ್ಟಿಕೊಟ್ಟಿರುವುದು. ಸ್ನಾನ, ವಿಭೂತಿಧಾರಣ, ಎಡದ ಕರಸ್ಥಲ, ನೆಟ್ಟ ದೃಷ್ಟಿ. ಕಣ್ಣಿಗೆ, ಕೈಗೆ, ನಾಲಗೆಗೆ ಒಂದೊಂದು ಕೆಲಸವಿರುವುದು. ಇಂದ್ರಿಯಗಳನ್ನು ಹಸಿವಿನಲ್ಲಿ ಕೆಡಹದೆ ಒಂದೆಡೆ ನಿಲ್ಲಿಸುವ ಬಗೆ ಇದು. ಎಲ್ಲಕ್ಕಿಂತ ಹೆಚ್ಚಾಗಿ, ನುಡಿಯನ್ನು ಆಲಿಸುವ ಒಬ್ಬನು ಎದುರಿಗಿರುವನು. ದಿನಕ್ಕೆ ಅರ್ಧ ಗಂಟೆಯ ಏಕಾಂತವನ್ನು ಮನೆಯ ಮೂಲೆಯಲ್ಲಿ ಅಭ್ಯಾಸ ಮಾಡಿ, ಮತ್ತೆ ಅಂಗಡಿಗೋ ಕಚೇರಿಗೋ ಹೊರಡುವ ಗೃಹಸ್ಥನು ಕಾಡು ಮತ್ತು ಸಂತೆಗಳ ನಡುವೆ ದಿನವೂ ಹೋಗಿ ಬರುವವನೇ.

ಕಾಡಿನಿಂದ ಹಿತವೇ ಇಲ್ಲವೆಂದು ಇದರಿಂದ ತಿಳಿಯಬಾರದು. ಮಿತವಾದ ಕಾಲ, ತಾನೇ ಇಚ್ಛಿಸಿ, ಹಿಂದಿರುಗುವ ದಾರಿ ತಿಳಿದು ಹೋದರೆ ಹಸಿರಿನ ನಡುವಿನ ಮೌನವು ಮದ್ದಿನಂತೆ ಕೆಲಸ ಮಾಡುವುದು. 2015ರಲ್ಲಿ ಅಮೆರಿಕೆಯ ಸ್ಟಾನ್‌ಫರ್ಡ್ ವಿಶ್ವವಿದ್ಯಾಲಯದ ಸಂಶೋಧಕರು ಕೆಲವರನ್ನು ಗಿಡಮರಗಳ ನಡುವೆ, ಕೆಲವರನ್ನು ವಾಹನಗಳ ಹೆದ್ದಾರಿಯ ಪಕ್ಕದಲ್ಲಿ ತೊಂಬತ್ತು ನಿಮಿಷ ನಡೆಯಿಸಿದರು. ಹಸಿರಿನಲ್ಲಿ ನಡೆದವರಲ್ಲಿ ಹಳೆಯ ನೋವನ್ನೇ ಮೆಲುಕುಹಾಕುವ ಪ್ರವೃತ್ತಿ ಕಡಿಮೆಯಾಗಿತ್ತು. ಇಚ್ಛಿಸಿದ ಮೌನಕ್ಕೂ ಹೇರಿದ ಮೌನಕ್ಕೂ ಇರುವ ಅಂತರ ಬಹಳ. 1906ರಲ್ಲಿ ಪೂರ್ಣಗೊಂಡ ಅಂಡಮಾನಿನ ಸೆಲ್ಯುಲರ್ ಜೈಲನ್ನು ಒಬ್ಬ ಕೈದಿಯ ಮುಖ ಇನ್ನೊಬ್ಬನಿಗೆ ಕಾಣದಂತೆ ಕಟ್ಟಿದ್ದರು. ಹೊಡೆತಕ್ಕಿಂತ ಕ್ರೂರವಾದ ದಂಡನೆ ಏಕಾಂಗಿತನವೆಂಬುದನ್ನು ಆಳುವವರೂ ಅರಿತಿದ್ದರು.

ಇಂದು ಬೆಂಗಳೂರಿನ ಗೃಹಸ್ಥರಿಗೆ ಎದುರಾಗಿರುವ ಅಡವಿಯು ನಲ್ಲಮಲೆಯದಲ್ಲ. ಇಂದಿರಾನಗರದಲ್ಲಿಯೋ ಹಲಸೂರಿನಲ್ಲಿಯೋ ಕೃಷ್ಣರಾಜಪುರದಲ್ಲಿಯೋ ಮೂರು ಕೋಣೆಗಳ ಮನೆ, ಮಕ್ಕಳು ಹೊರದೇಶದಲ್ಲಿ, ಸಂಗಾತಿಯನ್ನು ಕಳೆದುಕೊಂಡ ಹಿರಿಯರೊಬ್ಬರು ಬಾಗಿಲು ಹಾಕಿಕೊಂಡು ಒಳಗಿರುವರು. ಗಂಟೆಗಟ್ಟಲೆ ಮಾತಿಲ್ಲ. ಇಂದು ಸೋಮವಾರವೋ ಮಂಗಳವಾರವೋ ಎಂದು ಗೊಂದಲವಾಗುವುದು, ಹಗಲು ನಿದ್ರೆ, ರಾತ್ರಿ ಎಚ್ಚರ, ಇಲ್ಲದ ಸದ್ದು ಕೇಳಿಸಿದಂತಾಗುವುದು. ಗವಿಯ ಪ್ರಯೋಗದಲ್ಲಿ ಕಂಡ ಲಕ್ಷಣಗಳೇ ಇಲ್ಲಿಯೂ ತಲೆದೋರುವುವು. ಕಿವಿ ಮಂದವಾದವರಿಗೂ ಕಣ್ಣಿಗೆ ಪೊರೆ ಬಂದವರಿಗೂ ಇದು ಇನ್ನೂ ಬೇಗ, ಏಕೆಂದರೆ ಹೊರಗಿನ ಸೂಚನೆಗಳು ಅವರಿಗೆ ಮೊದಲೇ ಅರ್ಧವಾಗಿರುವುವು. ಇದನ್ನು ವಯಸ್ಸಿನ ಮರುಳೆಂದು ತಳ್ಳಿಹಾಕುವ ಮೊದಲು ಕಿವಿಯ ಯಂತ್ರವನ್ನೂ ಕಣ್ಣಿನ ಶಸ್ತ್ರಚಿಕಿತ್ಸೆಯನ್ನೂ ವಿಚಾರಿಸುವುದು ಮಕ್ಕಳ ಕರ್ತವ್ಯ. ಇಂತಹವರಿಗೆ, ಮುಪ್ಪಿನಲ್ಲಿ ಏಕಾಂತವೇ ಭೂಷಣ, ಇನ್ನು ಪೂಜೆ ಮಾಡಿಕೊಂಡಿರಿ ಎಂದು ಬುದ್ಧಿ ಹೇಳಿ ದೂರವಾಣಿ ಇಡುವುದು ಸರಿಯಲ್ಲ. ಪೂಜೆಯೂ ಇರಲಿ, ಅದರ ಜೊತೆಗೆ ಪ್ರತಿದಿನ ಒಂದೇ ವೇಳೆಗೆ ಮಾಡುವ ಕರೆ, ಕೈಗೊಂದು ಕೆಲಸ, ಸಂಜೆ ಹಲಸೂರು ಕೆರೆಯ ದಂಡೆಯಲ್ಲಿ ಪರಿಚಿತರೊಡನೆ ಒಂದು ಸುತ್ತು, ವಾರಕ್ಕೊಮ್ಮೆ ನಾಲ್ಕು ಜನ ಕೂಡಿ ವಚನಗಳನ್ನು ಓದುವ ಗೋಷ್ಠಿ ಇರಲಿ. ಈಚೆಗೆ ಪತಿಯನ್ನೋ ಪತ್ನಿಯನ್ನೋ ಕಳೆದುಕೊಂಡವರನ್ನೂ, ಮನಸ್ಸು ಕುಗ್ಗಿ ಊಟ ನಿದ್ರೆ ಬಿಟ್ಟವರನ್ನೂ ಶಾಂತಿಗಾಗಿ ಎಂದು ಒಬ್ಬರನ್ನೇ ದೂರದ ಕ್ಷೇತ್ರಗಳಿಗೆ ಕಳುಹಿಸಬಾರದು. ಅಂತಹವರನ್ನು ವೈದ್ಯರ ಬಳಿಗೆ ಕರೆದೊಯ್ಯಬೇಕು. 2022ರಲ್ಲಿ ಸರಕಾರವು ಆರಂಭಿಸಿದ ಟೆಲಿ ಮಾನಸ್ ಎಂಬ ಸೇವೆಯಲ್ಲಿ 14416 ಸಂಖ್ಯೆಗೆ ಕರೆಮಾಡಿದರೆ ಕನ್ನಡದಲ್ಲಿಯೇ ಸಲಹೆ ದೊರೆಯುವುದು. ಪಕ್ಕದ ಮನೆಯ ಗೃಹಿಣಿಯೊಬ್ಬಳು ದಿನಕ್ಕೊಮ್ಮೆ ಬಾಗಿಲು ತಟ್ಟಿ, ಅಜ್ಜೀ ಊಟವಾಯಿತೇ ಎಂದು ಕೇಳಿ, ದನಿಯಲ್ಲಿ ಏನಾದರೂ ತಡವರಿಕೆ ಇದೆಯೇ ಎಂದು ಗಮನಿಸಿದರೆ, ಹಿಮದಾಚೆಯಿಂದ ಬೈರ್ಡನ ತಂತಿಯನ್ನು ಆಲಿಸಿದವರು ಮಾಡಿದ ಕೆಲಸವನ್ನೇ ಆಕೆಯೂ ಮಾಡಿದಂತೆ.